ಕುಂತವರನ್ನು ಎಬ್ಬಿಸುವ ಆಟ

ಕಳೆದ ವಾರ ನಮ್ಮ ಮನೆಯ ವಾಷಿಂಗ್ ಮಷೀನಿನಿಂದ ಒಂದು ಗೂಳಿ ಹೊರಬಂತು. ರೆಕ್ಕೆಯಿರುವ ಗೂಳಿ. ಮಗಳ ಯೂನಿಫಾರ್ಮಿನ ಜೇಬಿನಲ್ಲಿ ಕುಳಿತು, ಸೋಪಿನ ನೀರಿನಲ್ಲಿ ಗಿರಗಿರನೆ ತಿರುಗಿ, ಪ್ಲಾಸ್ಟಿಕ್ ಕವರಿನೊಳಗೆ ಒಂದು ಹನಿಯನ್ನೂ ತಾಗಿಸಿಕೊಳ್ಳದೆ, ಕೊಂಬು ಏರಿಸಿಕೊಂಡು ನನ್ನನ್ನೇ ನೋಡುತ್ತಿತ್ತು. ಅದೇ ಜೇಬಿನಲ್ಲಿದ್ದ ಪರೀಕ್ಷೆಯ ವೇಳಾಪಟ್ಟಿ ಮಾತ್ರ ಹಿಟ್ಟಾಗಿತ್ತು. ಯಾವುದಕ್ಕೆ ಕವರು ಹಾಕಬೇಕು, ಯಾವುದಕ್ಕೆ ಬೇಡ ಎಂಬ ವಿಷಯದಲ್ಲಿ ನನ್ನ ಮಗಳಿಗೆ ಯಾವ ಗೊಂದಲವೂ ಇಲ್ಲ.

ಈ ಗೂಳಿಗೂ ನನಗೂ ಹಳೆಯ ಪರಿಚಯ. ಹೋದ ವರ್ಷ ಚಿತ್ರದುರ್ಗದಲ್ಲಿ, ಒಂದು ಹಾಲ್ ತುಂಬ ಮಕ್ಕಳ ಎದುರು, ನಾನೇ ಇದನ್ನು ವಿಧಿವತ್ತಾಗಿ ಕರೆದಿದ್ದೇನೆ. ಸಮಾಜಶಾಸ್ತ್ರದಲ್ಲಿ ಎಂ.ಎ. ಮಾಡಿ, ಹೊಳಲ್ಕೆರೆಯ ಕಾಲೇಜಿನಲ್ಲಿ ಕುಟುಂಬ ವ್ಯವಸ್ಥೆಯ ಬಗ್ಗೆ ಪಾಠ ಹೇಳುವ ಹೆಂಗಸು ರೆಕ್ಕೆಯ ಗೂಳಿಯನ್ನು ಕರೆಯುವ ಸ್ಥಿತಿಗೆ ಹೇಗೆ ಬಂದಳು ಎಂದು ನೀವು ಕೇಳಬಹುದು. ಕೇಳದಿದ್ದರೂ ಹೇಳುತ್ತೇನೆ, ಡೈರಿ ಬರೆಯುವವರ ದುರಭ್ಯಾಸ ಅದು. ಒಂದು ಎಚ್ಚರಿಕೆ ಮಾತ್ರ. ನನ್ನ ಡೈರಿಯನ್ನು ನಾನೇ ಪೂರ್ತಿ ನಂಬುವುದಿಲ್ಲ. ಅದರಲ್ಲಿ ಪ್ರತಿ ಜಗಳದಲ್ಲೂ ನಾನು ಶಾಂತವಾಗಿ, ತೂಕದ ಮಾತಿನಲ್ಲಿ ಉತ್ತರ ಕೊಟ್ಟಿದ್ದೇನೆ. ಮನೆಯ ಬೇರೆ ಯಾರಿಗೂ ಅಂಥ ಒಂದು ಜಗಳವೂ ನೆನಪಿಲ್ಲ.

ನನಗೆ ಹೊಸದುರ್ಗದಿಂದ ಹೊಳಲ್ಕೆರೆಗೆ ವರ್ಗವಾದಾಗ ಮಗಳು ನಂದಿನಿ ಎಂಟನೇ ತರಗತಿ ಮುಗಿಸಿದ್ದಳು. ಶಾಲೆ ಬಿಡಿಸಿದೆವು, ಗೆಳತಿಯರನ್ನು ಬಿಡಿಸಿದೆವು, ಇಲ್ಲಿಗೆ ತಂದು ಕೂರಿಸಿದೆವು. ಅವಳು ಅಳಲಿಲ್ಲ, ಹಟ ಮಾಡಲಿಲ್ಲ. ಎಷ್ಟು ತಿಳಿವಳಿಕೆಯ ಹುಡುಗಿ ಎಂದು ನಾನು ಡೈರಿಯಲ್ಲಿ ಬರೆದುಕೊಂಡೆ. ತಿಳಿವಳಿಕೆಯ ಹುಡುಗಿ ಮಾತನಾಡುವುದನ್ನೇ ನಿಲ್ಲಿಸಿದ್ದಾಳೆ ಎಂಬುದು ನನ್ನಂಥ ವಿದ್ಯಾವಂತೆಯ ಗಮನಕ್ಕೆ ಬರಲು ಸಾಕಷ್ಟು ಕಾಲ ಹಿಡಿಯಿತು. "ಊಟ ಆಯ್ತಾ?" "ಹೂಂ." "ಸ್ಕೂಲ್ ಹೇಗಿತ್ತು?" "ಇತ್ತು." ದೇಶದಲ್ಲಿ ಟೆಲಿಗ್ರಾಂ ನಿಂತುಹೋಯಿತು ಎನ್ನುತ್ತಾರೆ; ನಮ್ಮ ಮನೆಯಲ್ಲಿ ಆ ಸೇವೆ ಚೆನ್ನಾಗಿಯೇ ನಡೆಯುತ್ತಿತ್ತು.

ಹೊಸದುರ್ಗದಲ್ಲಿದ್ದಾಗ ಅವಳು ಶಾಲೆಯಿಂದ ಬಂದವಳೇ ಬ್ಯಾಗು ಕೂಡ ಇಳಿಸದೆ, ನನ್ನ ಹಿಂದೆ ಹಿಂದೆ ಸುತ್ತುತ್ತ ಎಲ್ಲ ಹೇಳುತ್ತಿದ್ದಳು ಎಂದು ನನ್ನ ನೆನಪು. ನಮ್ಮ ಜೊತೆಗೇ ಇರುವ ಅವ್ವ ಇದನ್ನು ಒಪ್ಪುವುದಿಲ್ಲ. "ಅವಳೆಲ್ಲಿ ಹೇಳ್ತಿದ್ಲು? ನೀನೇ ಹೇಳ್ತಿದ್ದೆ. ಅದು ಪಾಪ ಕೇಳ್ಕಂಡು ಓಡಾಡ್ತಿತ್ತು" ಎನ್ನುತ್ತಾಳೆ. ಇಬ್ಬರಲ್ಲಿ ಯಾರ ನೆನಪು ಸರಿಯೋ ಗೊತ್ತಿಲ್ಲ. ಅವ್ವನದು ಸರಿಯಿದ್ದರೆ ನಾನು ಇನ್ನಷ್ಟು ಬೇಸರಪಡಬೇಕಾಗುತ್ತದೆ, ಆದ್ದರಿಂದ ಸದ್ಯಕ್ಕೆ ನನ್ನದೇ ಸರಿ.

ಹೊಸ ಶಾಲೆಯಲ್ಲಿ ನಂದಿನಿಗೆ ಸಿಕ್ಕ ಒಬ್ಬಳೇ ಗೆಳತಿ ಶಿಫಾ. ಅವರಿಬ್ಬರನ್ನು ಸೇರಿಸಿದ್ದು ಆ ಗೂಳಿಯಂಥ ಚಿತ್ರಗಳಿರುವ ಈ ಆಟದ ಕಾರ್ಡುಗಳು. ಸಂಜೆಯಾದರೆ ನಮ್ಮ ಜಗಲಿಯ ಮೇಲೆ ಕಾರ್ಡು ಹರಡಿಕೊಂಡು ಕೂರುತ್ತಿದ್ದರು. ಆಗ ಮಗಳ ಬಾಯಿಂದ ಬರುತ್ತಿದ್ದ ಮಾತು! ಅಡುಗೆಮನೆಯ ಕಿಟಕಿಯ ಹಿಂದೆ ನಿಂತು ನಾನು ಕೇಳಿಸಿಕೊಳ್ಳುತ್ತಿದ್ದೆ. ಕೊತ್ತಂಬರಿ ಸೊಪ್ಪು ಬಿಡಿಸುವ ಕೆಲಸ ನಮ್ಮ ಮನೆಯಲ್ಲಿ ಅಷ್ಟು ಶ್ರದ್ಧೆಯಿಂದ ಎಂದೂ ನಡೆದಿರಲಿಲ್ಲ.

ಹಾಗಿರುವಾಗ ಚಿತ್ರದುರ್ಗದಲ್ಲಿ ಜೋಡಿ ಆಟದ ಸ್ಪರ್ಧೆ ಎಂದು ಗೊತ್ತಾಯಿತು. ಇಬ್ಬರೂ ಹೆಸರು ಕೊಟ್ಟರು. ಕೊಟ್ಟ ಮೇಲೆ ಶಿಫಾಗೆ ಮಂಗನಬಾವು ಬಂತು, ಕೆನ್ನೆ ಊದಿಕೊಂಡು ಮನೆ ಸೇರಿದಳು. ಜೋಡಿಯಿಲ್ಲದಿದ್ದರೆ ಆಟವಿಲ್ಲ, ಬೇಕಾದರೆ ಮನೆಯವರೊಬ್ಬರು ಜೊತೆಗೆ ಕೂರಬಹುದು ಎಂದು ನಿಯಮ. ಹಿರಿಯೂರಿನಲ್ಲಿ ಕೆಲಸದಲ್ಲಿದ್ದು ವಾರಕ್ಕೊಮ್ಮೆ ಮನೆಗೆ ಬರುವ ನಂದಿನಿಯ ಅಪ್ಪನಿಗೆ ಮೊದಲು ಫೋನು ಹೋಯಿತು. "ನಿಮ್ಮಮ್ಮನ್ನ ಕೇಳವ್ವ, ಓದಿದೋಳು ಅವ್ಳು" ಎಂದು ಆತ ಕೈತೊಳೆದುಕೊಂಡರು. ಮದುವೆಯಾದಂದಿನಿಂದ ನನ್ನ ಓದಿಗೆ ಆ ಮನುಷ್ಯ ಗೌರವ ಕೊಡುವುದು ಇಂಥ ಸಂದರ್ಭಗಳಲ್ಲೇ.

ನಂದಿನಿ ಅಡುಗೆಮನೆಯ ಬಾಗಿಲಲ್ಲಿ ಬಂದು ನಿಂತಳು. "ಅಮ್ಮಾ, ಭಾನುವಾರ ನಿನಗೇನಾದ್ರೂ ಕೆಲಸ ಐತಾ?"

ಅಷ್ಟು ಉದ್ದದ ವಾಕ್ಯ ಅವಳಿಂದ ನನಗೆ ಸಿಕ್ಕು ಎಷ್ಟೋ ಕಾಲವಾಗಿತ್ತು. ಮೇಜಿನ ಮೇಲೆ ಉತ್ತರಪತ್ರಿಕೆಗಳ ಕಟ್ಟು ಇತ್ತು, ಒಂದು ಗೃಹಪ್ರವೇಶವಿತ್ತು, ತಲೆಸ್ನಾನವಿತ್ತು. "ಏನೂ ಇಲ್ಲ ಕಣೆ" ಎಂದೆ. ಗೆಲುವು ಸೋಲು ನನಗೆ ಮುಖ್ಯವಾಗಿರಲಿಲ್ಲ ಎಂದು ಹೇಳಿದರೆ ಅದು ಡೈರಿಯ ಭಾಷೆಯಾಗುತ್ತದೆ. ಗೆಲ್ಲಬೇಕಿತ್ತು. ನನ್ನಿಂದ ಸೋತರೆ ಆ ಹುಡುಗಿ ಮತ್ತೆ "ಹೂಂ" ಒಳಗೆ ಹೋಗಿ ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತಾಳೆ ಎಂಬ ಭಯ ನನಗಿತ್ತು.

ಪಾಠ ಶುರುವಾಯಿತು. ನಡುಮನೆಯಲ್ಲಿ ಚಾಪೆ, ಚಾಪೆಯ ಮೇಲೆ ಕಾರ್ಡು, ಪಕ್ಕದಲ್ಲಿ ಅವರೆಕಾಯಿ ಸುಲಿಯುತ್ತ ಅವ್ವ.

ಆಟ ಕೇಳಲು ಸರಳ. ನಿಮ್ಮ ಕೈಯಲ್ಲಿ ಪ್ರಾಣಿಗಳು, ಯೋಧರು, ಇನ್ನೂ ಏನೇನೋ ಇರುವ ಕಾರ್ಡುಗಳಿರುತ್ತವೆ. ನಿಮ್ಮ ಸರದಿ ಬಂದಾಗ ಒಂದನ್ನು ಕಣಕ್ಕೆ ಕರೆಯಬಹುದು. ಇದು ಸಾಮಾನ್ಯ ಕರೆ. ಚಿಲ್ಲರೆ ಕಾರ್ಡುಗಳು ಇದಕ್ಕೇ ಬಂದುಬಿಡುತ್ತವೆ. ದೊಡ್ಡ ಕಾರ್ಡು ಹಾಗೆಲ್ಲ ಬರುವುದಿಲ್ಲ, ಅದಕ್ಕೆ ವಿಶೇಷ ಕರೆಯೇ ಬೇಕು. ಮಗಳು ಅದನ್ನು "ಸ್ಪೆಷಲ್ ಸಮನ್" ಎಂದಳು. "ಓ, ಆವಾಹನೆ" ಎಂದೆ ನಾನು. ಅವಳು ನನ್ನ ಮುಖವನ್ನೇ ನೋಡಿದಳು. ನನ್ನ ವಿದ್ಯಾರ್ಥಿಗಳೂ ಕೆಲವೊಮ್ಮೆ ಹೀಗೇ ನೋಡುತ್ತಾರೆ. ಅದು ವಿಸ್ಮಯ ಎಂದು ನಾನು ಬಹಳ ವರ್ಷ ತಿಳಿದಿದ್ದೆ.

ವಾಸ್ತವದಲ್ಲಿ ಸಾಮಾನ್ಯ ಕರೆ, ವಿಶೇಷ ಕರೆಗಳ ವ್ಯತ್ಯಾಸ ನನಗೆ ಹೇಳಿಕೊಡಬೇಕಾಗಿಯೇ ಇರಲಿಲ್ಲ. ನಮ್ಮೂರು ಭರಮಸಾಗರದ ಕಡೆಯ ಒಂದು ಹಳ್ಳಿ. ಮನೆಯಲ್ಲಿ ಏನಾದರೂ ಕಾರ್ಯವಾದರೆ ಊಟಕ್ಕೆ ಕರೆಯಲು ಮಕ್ಕಳನ್ನು ಓಡಿಸುತ್ತಿದ್ದರು. ಪ್ರತಿ ಮನೆಯ ಹೊಸ್ತಿಲ ಆಚೆ ನಿಂತು "ಉಣ್ಣಾಕೆ ಬರ್ಬೇಕಂತೆ" ಎಂದು ಕೂಗಿ, ಉತ್ತರಕ್ಕೂ ಕಾಯದೆ ಮುಂದಿನ ಮನೆಗೆ ಓಡುವುದು. ಅದರಲ್ಲಿ ನಾನು ಪ್ರವೀಣೆ. ಆದರೆ ಬೀಗರ ಮನೆಗೆ ಈ ಕೂಗು ನಡೆಯುತ್ತಿರಲಿಲ್ಲ. ಅಲ್ಲಿಗೆ ಹಿರಿಯರೇ ಜೋಡಿಯಾಗಿ ಹೋಗಬೇಕು, ಕೂರಬೇಕು, ಎಲೆಅಡಿಕೆ ಕೊಡಬೇಕು, ಮಳೆಬೆಳೆ ಮಾತಾಡಬೇಕು, ಎದ್ದು ಹೊರಡುವಾಗ ತೀರ ಈಗ ನೆನಪಾಯಿತೆಂಬಂತೆ ಕರೆಯಬೇಕು. ಇಷ್ಟೆಲ್ಲ ಮಾಡಿದರೂ ಅವರು "ನೋಡಾಣ" ಎನ್ನುತ್ತಿದ್ದರು. ರೆಕ್ಕೆಯ ಗೂಳಿಯೊಂದು ಸುಮ್ಮನೆ ಕರೆದರೆ ಬರುವುದಿಲ್ಲ ಎಂದರೆ ನಾನೇಕೆ ಆಶ್ಚರ್ಯಪಡಲಿ? ಅದರ ಅಪ್ಪನಂಥವರನ್ನು ನೋಡಿದ್ದೇನೆ.

ಸಿಕ್ಕಿಕೊಂಡದ್ದು ಮುಂದಿನ ನಿಯಮದಲ್ಲಿ.

"ನೋಡಮ್ಮಾ," ನಂದಿನಿ ಎರಡು ಕಾರ್ಡುಗಳನ್ನು ತೋರಿಸಿದಳು. "ಇದು ದೀಪ ಹಿಡಿದಿರೋ ಮೊಲ, ಮೂರನೇ ಲೆವೆಲ್. ಇದು ಮರದ ಕಾಲಿನ ಯೋಧ, ಐದನೇ ಲೆವೆಲ್. ಎರಡೂ ಆಗಲೇ ಕಣದಾಗೆ ಇರ್ಬೇಕು. ಮೂರು, ಐದು, ಎಂಟಾಯ್ತಲ್ಲ? ಈಗ ಎರಡನ್ನೂ ಎತ್ತಿ ಆಚೆ ಕಳಿಸಿದ್ರೆ ಎಂಟನೇ ಲೆವೆಲ್ಲಿನ ಗೂಳಿ ಬರುತ್ತೆ."

"ಎತ್ತಿ ಎಲ್ಲಿಗೆ ಕಳಿಸ್ತೀಯವ್ವ?" ಅವರೆಕಾಯಿಯ ಹಿಂದಿನಿಂದ ಅವ್ವ ಕೇಳಿದಳು.

"ಗ್ರೇವ್‌ಯಾರ್ಡಿಗೆ ಅಜ್ಜಿ."

"ಅಂದ್ರೆ?"

"ಸ್ಮಶಾನಕ್ಕೆ."

ಅವ್ವನ ಕೈಯಲ್ಲಿದ್ದ ಅವರೆಕಾಯಿ ಅಲ್ಲೇ ನಿಂತಿತು. "ಶಿವಶಿವಾ! ನೀನೇ ಕರ್ದು ಕುಂಡ್ರಿಸ್ಕಂಡು, ಯಾವನೋ ದೊಡ್ಡೋನು ಬಂದ ಅಂತ ಕುಂತೋರ್ನ ಎಬ್ಬಿಸಿ ಸ್ಮಶಾನಕ್ಕೆ ಕಳಿಸ್ತೀಯೇನೇ? ಎಂಥಾ ಮನೆಯೋರವ್ವ ಇವ್ರು ಈ ಆಟ ಮಾಡಿರೋರು?"

"ಅಜ್ಜೀ, ಅವು ಕಾರ್ಡು!"

"ಕಾರ್ಡಾದ್ರೇನು, ಮೊಲ ಹೆಂಗೆ ನೋಡ್ತೈತೆ ನೋಡು."

ಮೊಲ ನಿಜಕ್ಕೂ ನೋಡುತ್ತಿತ್ತು. ಜಪಾನಿನಲ್ಲೋ ಎಲ್ಲೋ ಕುಳಿತ ಚಿತ್ರಕಾರನೊಬ್ಬ ಅದರ ಕಣ್ಣಿಗೆ ಅಗತ್ಯಕ್ಕಿಂತ ಹೆಚ್ಚು ನೀರು ತುಂಬಿಸಿದ್ದ. ಅದನ್ನು ನೋಡಿದ್ದೇ ತಡ, ನನಗೆ ನಮ್ಮ ಚಿಕ್ಕಪ್ಪನ ಮದುವೆ ನೆನಪಾಗಿ, ಪಾಠ ಅಂದಿಗೆ ಅಲ್ಲಿಗೇ ನಿಂತಿತು.

ಆ ಮದುವೆಯಲ್ಲಿ ನಾನೂ ದೊಡ್ಡಪ್ಪನ ಮಗಳು ಸುಧಾಳೂ ಪಂಕ್ತಿಯಲ್ಲಿ ಕುಳಿತಿದ್ದೆವು. ಮುತ್ತುಗದ ಎಲೆ. ಬಡಿಸಿದ ಪಾಯಸ ಎಲೆಯ ಇಳಿಜಾರಿನಲ್ಲಿ ಹರಿದು ಹೋಗುತ್ತಿತ್ತು, ನಾನು ಅನ್ನದ ಕಟ್ಟೆ ಕಟ್ಟಿ ಅದನ್ನು ತಡೆಯುತ್ತಿದ್ದೆ. ಅಷ್ಟರಲ್ಲಿ ತಡವಾಗಿ ಬೀಗರ ಕಡೆಯ ಇಬ್ಬರು ದೊಡ್ಡ ಪೇಟದವರು ಬಂದರು. ಯಾರೋ ಬಂದು "ಏಳ್ರೇ ಹುಡುಗ್ರಾ, ಬೀಗರು ಬಂದಾರೆ, ನೀವು ಆಮೇಲೆ ಕುಂತ್ರಾತು" ಎಂದು ರಟ್ಟೆ ಹಿಡಿದು ಎಬ್ಬಿಸಿದರು. ಕೈಯಲ್ಲಿ ಪಾಯಸ, ಕಣ್ಣಲ್ಲಿ ನೀರು. ಆಗ ನಮ್ಮ ಅಜ್ಜಿ ಸೌಟು ಹಿಡಿದೇ ಬಂದಳು. "ಎಲೆ ಮುಂದೆ ಕುಂತೋರ್ನ ಎಬ್ಬಿಸ್ತೀರೇನ್ರೋ? ಡಿಸಿ ಬರ್ಲಿ, ಸ್ವಾಮಿಗಳೇ ಬರ್ಲಿ, ಮುಂದಿನ ಪಂಕ್ತಿಗೆ ಕುಂತ್ಕಳ್ಲಿ!" ಅಂದಿನಿಂದ ಅದು ನಮ್ಮ ಮನೆತನದ ಕಾನೂನು. ಕುಂತವರನ್ನು ಎಬ್ಬಿಸಬಾರದು. ಡಿಸಿಯಾಗಲಿ ಸ್ವಾಮಿಗಳಾಗಲಿ ಈವರೆಗೆ ನಮ್ಮ ಮನೆಗೆ ಊಟಕ್ಕೆ ಬಂದಿಲ್ಲವಾದ್ದರಿಂದ ಕಾನೂನನ್ನು ಮುರಿಯುವ ಪ್ರಸಂಗವೂ ಬಂದಿಲ್ಲ.

ಇದನ್ನು ನಾನು ಮಗಳಿಗೆ ಮನಸ್ಸು ಕರಗುವಂತೆ ಹೇಳುತ್ತಿದ್ದಾಗ ಅವ್ವ ಮಧ್ಯೆ ಬಾಯಿ ಹಾಕಿದಳು. "ಅವತ್ತು ಪಾಯಸ ಎಲ್ಲಿತ್ತು? ಹೋಳಿಗೆ ಮಾಡಿದ್ವಿ. ಎಬ್ಬಿಸಿದ್ದು ಸುಧಾನ್ನ, ಅವಳ ತಮ್ಮನ್ನ. ನೀನು ಜ್ವರ ಬಂದು ಅಟ್ಟದ ಮೇಲೆ ಮಲಗಿದ್ದೆ."

ಹಾಗಾದರೆ ನನ್ನ ಬೆರಳ ಸಂದಿಯಲ್ಲಿ ಇವತ್ತಿಗೂ ಅಂಟಂಟಾಗಿರುವ ಪಾಯಸ ಯಾರದು? ಆ ಕಣ್ಣೀರು ಯಾರದು? ಸುಧಾ ಅಳುತ್ತ ಬಂದು ಹೇಳಿದ್ದನ್ನು ನಾನೇ ನನ್ನದಾಗಿ ಮಾಡಿಕೊಂಡೆನೇ? ಮನುಷ್ಯರು ಬೇರೆಯವರ ಹೊಲದ ಬದು ಒತ್ತುವುದನ್ನು ಕೇಳಿದ್ದೇನೆ. ಬೇರೆಯವರ ಅವಮಾನವನ್ನೂ ಒತ್ತುವರಿ ಮಾಡುತ್ತಾರೆ ಎಂದು ಅವತ್ತು ತಿಳಿಯಿತು. ನಂದಿನಿ ನಮ್ಮಿಬ್ಬರನ್ನೂ ಒಮ್ಮೆ ನೋಡಿ, ಕಾರ್ಡುಗಳನ್ನು ಜೋಡಿಸಿಟ್ಟು ಎದ್ದು ಹೋದಳು.

ಆಮೇಲಿನ ಅಭ್ಯಾಸದ ಸಂಜೆಗಳೆಲ್ಲ ಒಂದೇ ಥರ. ಚಿಲ್ಲರೆ ಕಾರ್ಡುಗಳನ್ನು ನಾನು ಒಂದೊಂದಾಗಿ ಮರ್ಯಾದೆಯಿಂದ ಕರೆದು ಕೂರಿಸುತ್ತಿದ್ದೆ. ಕಣ ತುಂಬುತ್ತಿತ್ತು. ಮೊಲ, ಯೋಧ, ಒಂದು ಅಳಿಲು, ಹೆಸರಿಲ್ಲದ ಒಂದು ಕಪ್ಪೆ. ಗೂಳಿ ಕೈಯಲ್ಲೇ ಕೊಳೆಯುತ್ತಿತ್ತು. ಎಬ್ಬಿಸುವ ಹೊತ್ತು ಬಂದರೆ ಸಾಕು, ನನಗೆ ಬೇರೆ ಯಾವುದಾದರೂ ಉಪಾಯ ಹೊಳೆಯುತ್ತಿತ್ತು. ಅಷ್ಟರಲ್ಲಿ ಮಗಳ ಕಡೆಯ ದೈತ್ಯರು ಬಂದು ನನ್ನ ಪಂಕ್ತಿಯನ್ನು ಎಲೆ ಸಮೇತ ಗುಡಿಸಿ ಹಾಕುತ್ತಿದ್ದರು.

"ಅಮ್ಮಾ, ನೀನು ಆಟ ಆಡ್ತಾ ಇಲ್ಲ. ಛತ್ರ ನಡೆಸ್ತಾ ಇದೀಯ."

ಅಧಿಕಾರವು ಸಣ್ಣವರ ಹೆಗಲ ಮೇಲೆ ಹೇಗೆ ನಿಲ್ಲುತ್ತದೆ ಎಂದು ತರಗತಿಯಲ್ಲಿ ನಾನು ಗಂಟೆಗಟ್ಟಲೆ ಪಾಠ ಮಾಡಬಲ್ಲೆ. ಅದನ್ನು ಅವಳಿಗೂ ಸ್ವಲ್ಪ ಹೇಳಿದೆ. "ಹೂಂ" ಎಂದಳು. ತಕ್ಷಣ ಬಾಯಿ ಮುಚ್ಚಿಕೊಂಡೆ.

ಭಾನುವಾರ ಚಿತ್ರದುರ್ಗದಲ್ಲಿ, ಒಂದು ಸ್ಟೇಷನರಿ ಅಂಗಡಿಯ ಮಹಡಿಯ ಮೇಲಿನ ಹಾಲಿನಲ್ಲಿ, ಪ್ಲಾಸ್ಟಿಕ್ ಮೇಜುಗಳ ಮುಂದೆ ಕುಳಿತೆವು. ಇಳಕಲ್ ಸೀರೆಯುಟ್ಟು ಬಂದವಳು ನಾನೊಬ್ಬಳೇ. ಸ್ಪರ್ಧೆಯೆಂದರೆ ಅದೊಂದು ಸಮಾರಂಭ ಎಂದು ತಿಳಿದಿದ್ದೆ. ಬಾಗಿಲಲ್ಲಿದ್ದ ಹುಡುಗಿ ನನ್ನನ್ನು ಬಹುಮಾನ ಕೊಡಲು ಬಂದ ಅತಿಥಿಯೆಂದು ಭಾವಿಸಿ ಮುಂದಿನ ಕುರ್ಚಿ ತೋರಿಸಿದಳು. ನಂದಿನಿ ನೆಲ ನೋಡುತ್ತ ನಿಂತಳು.

ಮೊದಲ ಸುತ್ತನ್ನು ಗೆದ್ದೆವು. ಎದುರು ಜೋಡಿ ಬಂದಿರಲಿಲ್ಲ. ನನ್ನ ಆಟ ಅಲ್ಲಿಯವರೆಗೆ ನಿರ್ದುಷ್ಟವಾಗಿತ್ತು.

ಎರಡನೇ ಸುತ್ತಿಗೆ ಎದುರು ಕುಳಿತವರು ಹಿರಿಯೂರಿನ ಒಬ್ಬ ಹುಡುಗಿ, ಜೊತೆಗೆ ಅವಳ ಸೋದರಮಾವ. ಆತ ಮೊಬೈಲ್ ಅಂಗಡಿಯವರಂತೆ. ನಗುಮುಖ, ಕೈಯಲ್ಲಿ ಕಾರ್ಡು ಹಿಡಿದ ರೀತಿಯಲ್ಲೇ ಪಳಗಿದವರೆಂದು ಕಾಣುತ್ತಿತ್ತು. "ಕುಂತ್ಕಳ್ರಿ ಮೇಡಮ್ಮಾರೆ. ಅರ್ಜೆಂಟೇನಿಲ್ಲ, ನಿಧಾನಕ್ಕೆ ಆಡ್ರಿ" ಎಂದರು. ಎದುರಾಳಿ ಇಷ್ಟು ಮರ್ಯಾದೆಯಾಗಿ ಮಾತಾಡಿದರೆ ಎಚ್ಚರವಾಗಿರಬೇಕು ಎಂದು ಯಾವ ವಿಶ್ವವಿದ್ಯಾಲಯವೂ ಕಲಿಸುವುದಿಲ್ಲ.

ನಂದಿನಿ ಚೆನ್ನಾಗಿ ಆಡಿದಳು. ಎಷ್ಟು ಚೆನ್ನಾಗಿ ಎಂದರೆ ಎದುರಿನವರ ಹತ್ತಿರ ಹೆಚ್ಚು ಪಾಯಿಂಟುಗಳೇ ಉಳಿಯಲಿಲ್ಲ. ಇನ್ನು ಒಂದು ದೊಡ್ಡ ಹೊಡೆತ ಸಾಕು, ಆ ಹೊಡೆತ ನನ್ನ ಕೈಯಲ್ಲಿತ್ತು. ಕಣದಲ್ಲಿ ಮೊಲವಿತ್ತು, ಯೋಧನಿದ್ದ, ಕೈಯಲ್ಲಿ ಗೂಳಿ. ಮೂರು, ಐದು, ಎಂಟು. ನನ್ನ ಸರದಿ.

ನಂದಿನಿ ನನ್ನ ಕಡೆ ನೋಡಿದಳು. ನಾನು ಮೊಲದ ಕಡೆ ನೋಡಿದೆ. ಇಡೀ ಆಟದಲ್ಲಿ ಆ ಮೊಲ ನಮಗಾಗಿ ಎಷ್ಟು ಏಟು ತಿಂದಿತ್ತು! ಇನ್ನೊಂದು ಸುತ್ತು ಕುಳಿತಿರಲಿ, ಆಮೇಲೆ ಕಳಿಸಿದರಾಯಿತು ಎನ್ನಿಸಿತು. ಹೀಗೆನ್ನಿಸಿದ್ದು ನನಗೋ, ಸೌಟು ಹಿಡಿದ ನಮ್ಮಜ್ಜಿಗೋ ಹೇಳಲಾರೆ. ಕೈಯಲ್ಲಿದ್ದ ಕಪ್ಪೆಯನ್ನು ಕರೆದು ಅವರ ಪಕ್ಕದಲ್ಲಿ ಕೂರಿಸಿ, "ನನ್ನದಾಯಿತು" ಎಂದೆ.

ನಂದಿನಿ ಕಣ್ಣು ಮುಚ್ಚಿ ತೆರೆದಳು. ಹಿರಿಯೂರಿನ ಹುಡುಗಿ ತನ್ನ ಸರದಿಯಲ್ಲಿ ಒಂದು ಕಾರ್ಡನ್ನು ಬೋರಲಾಗಿ ಇಟ್ಟಳು, ಅಷ್ಟೇ. ಮಾವ ನನ್ನನ್ನು ನೋಡಿ ಇನ್ನಷ್ಟು ಮರ್ಯಾದೆಯಿಂದ ನಕ್ಕರು.

ಮತ್ತೆ ನನ್ನ ಸರದಿ ಬಂತು. ನನ್ನ ಬೆರಳು ಮೊಲದ ಮೇಲಿತ್ತು, ಎತ್ತಲು ಬರುತ್ತಿರಲಿಲ್ಲ. ಸುತ್ತಲಿನ ಮೇಜುಗಳ ಮಕ್ಕಳು ತಮ್ಮ ಆಟ ಮುಗಿಸಿ ಬಂದು ನಮ್ಮ ಹಿಂದೆ ನಿಂತಿದ್ದರು. ಮಗಳು ಈಗ ಸಿಡುಕುತ್ತಾಳೆ, ಇಲ್ಲವೇ ಎದ್ದು ಹೋಗುತ್ತಾಳೆ ಎಂದುಕೊಂಡೆ. ಹಾಗೆ ಮಾಡಿದ್ದರೆ ನ್ಯಾಯವೂ ಆಗುತ್ತಿತ್ತು. ಅವಳು ನನ್ನ ಕಿವಿಯ ಹತ್ತಿರ ಬಾಗಿದಳು. ನಗಲಿಲ್ಲ, ಗದರಲಿಲ್ಲ.

"ಎಬ್ಬಿಸಮ್ಮಾ. ಅವರದು ಊಟ ಆಗೈತೆ."

ನಾನು ತಿರುಗಿ ನೋಡಿದೆ. ಅವಳ ಮುಖದಲ್ಲಿ ತಮಾಷೆಯ ಎಳೆಯೂ ಇರಲಿಲ್ಲ. "ಕೈ ತೊಳ್ಕಳ್ಲಿ, ಎಬ್ಬಿಸು" ಎಂದಳು ಮತ್ತೊಮ್ಮೆ.

ಎಬ್ಬಿಸಿದೆ. ಮೊಲವನ್ನೂ ಯೋಧನನ್ನೂ ಒಟ್ಟಿಗೆ ಎತ್ತಿ ಪಕ್ಕಕ್ಕಿಟ್ಟೆ. ಗೂಳಿಯನ್ನು ಎರಡೂ ಕೈಯಿಂದ ಹಿಡಿದು ಕಣದ ನಡುವೆ ಇಳಿಸಿದೆ. ಹಿಂದೆ ನಿಂತಿದ್ದ ಮಕ್ಕಳು "ಓ" ಎಂದರು. ನನ್ನ ಪಾಠಕ್ಕೆ ಯಾವ ತರಗತಿಯೂ ಇದುವರೆಗೆ ಹಾಗೆ ಉದ್ಗರಿಸಿಲ್ಲ. ರೆಕ್ಕೆ ಬಿಚ್ಚಿ, ಕೊಂಬು ಏರಿಸಿ, ಗೂಳಿ ಒಂದು ಉಸಿರಿನಷ್ಟು ಹೊತ್ತು ಭವ್ಯವಾಗಿ ನಿಂತಿತು.

ಹಿರಿಯೂರಿನ ಹುಡುಗಿ ಬೋರಲಾಗಿಟ್ಟಿದ್ದ ಕಾರ್ಡನ್ನು ತಿರುಗಿಸಿದಳು. ವಿಶೇಷವಾಗಿ ಕರೆಸಿಕೊಂಡು ಬಂದವರನ್ನು ಬಾಗಿಲಿನಿಂದಲೇ ವಾಪಸು ಕಳಿಸುವ ಕಾರ್ಡು ಅದು. ಅಂಥದ್ದೊಂದು ಇದೆ ಎಂದು ನಂದಿನಿ ನನಗೆ ಹೇಳಿದ್ದಳು. ನಾನು ಆಗ ಪಾಯಸದಲ್ಲಿದ್ದೆ.

ಗೂಳಿ ಹೋಯಿತು. ಕಣದಲ್ಲಿ ಕಪ್ಪೆಯೊಂದೇ ಉಳಿಯಿತು. ಮುಂದಿನದನ್ನು ವಿವರಿಸುವ ಅಗತ್ಯವಿಲ್ಲ. ಕಪ್ಪೆಯ ಕೈಯಲ್ಲಿ ಎಷ್ಟಾಗುತ್ತದೋ ಅಷ್ಟೇ ಆಯಿತು. ಮಾವ ಎದ್ದು ಕೈಮುಗಿದರು. "ಕರೆದಿದ್ದೇನೋ ಚೆನ್ನಾಗಿ ಕರೆದ್ರಿ ಮೇಡಮ್ಮಾರೆ. ಒಂದ್ ಸ್ವಲ್ಪ ತಡ ಆತು, ಅಷ್ಟೆಯ."

ಬಸ್ ಸ್ಟ್ಯಾಂಡಿನವರೆಗೂ ನಂದಿನಿ ಮಾತಾಡಲಿಲ್ಲ. ಮಂಡಕ್ಕಿ ಮೆಣಸಿನಕಾಯಿ ಕೊಡಿಸಿದೆ, ತಿಂದಳು. "ಖಾರ ಇದೆಯಾ?" ಎಂದೆ. ತಲೆಯಾಡಿಸಿದಳು. ಈಗ "ಹೂಂ" ಕೂಡ ಹೋಯಿತಲ್ಲ ಎಂದುಕೊಂಡು ಹೊಳಲ್ಕೆರೆಯ ಬಸ್ಸು ಹತ್ತಿದೆ. ಕಿಟಕಿಯ ಪಕ್ಕ ಅವಳು, ಈಚೆಗೆ ನಾನು, ನಮ್ಮಿಬ್ಬರ ನಡುವೆ ನನ್ನ ಇಳಕಲ್ ಸೆರಗು. ಊರು ದಾಟಿತು. ಸಂಜೆಯ ಬಿಸಿಲಿನಲ್ಲಿ ಮೆಕ್ಕೆಜೋಳದ ಹೊಲಗಳು ಹಿಂದಕ್ಕೆ ಹೋದವು.

"ಆ ಕಪ್ಪೆನ ಯಾಕಮ್ಮಾ ಕರೆದೆ?"

ಪ್ರಶ್ನೆ ಅಲ್ಲಿಂದ ಶುರುವಾಯಿತು. ಉತ್ತರಕ್ಕೆ ಅವಳು ಕಾಯಲಿಲ್ಲ. ಕಪ್ಪೆಯನ್ನು ಕರೆದದ್ದರಿಂದ ಒಂದು ಸರದಿ ಹೋಯಿತು. ಆ ಸರದಿಯಲ್ಲೇ ಅವರು ಆ ಕಾರ್ಡು ಇಟ್ಟದ್ದು. ಮೊದಲೇ ಗೂಳಿ ಬಂದಿದ್ದರೆ ಇಡುವುದಕ್ಕೆ ಅವರಿಗೆ ಹೊತ್ತೆಲ್ಲಿರುತ್ತಿತ್ತು? ಮೊಲ ಹೋದರೆ ಬೇಜಾರು ಮಾಡಿಕೊಳ್ಳುವುದಿಲ್ಲ, ಅದನ್ನು ಮತ್ತೆ ವಾಪಸು ಕರೆಯುವ ಕಾರ್ಡು ತನ್ನ ಕೈಯಲ್ಲೇ ಇತ್ತು, ನಾನು ಒಂದು ಸಲ ತನ್ನ ಕಡೆ ಸರಿಯಾಗಿ ನೋಡಿದ್ದರೆ ಕಣ್ಣಲ್ಲೇ ಹೇಳುತ್ತಿದ್ದಳು. ಶಿಫಾ ಆಗಿದ್ದರೆ ಹೀಗೆ ಮಾಡುತ್ತಿರಲಿಲ್ಲ. ಶಿಫಾ ಹೇಗೆ ಮಾಡುತ್ತಿದ್ದಳು ಎಂದರೆ, ತಡಿ, ತೋರಿಸ್ತೀನಿ. ಕಾರ್ಡುಗಳು ಬ್ಯಾಗಿನಿಂದ ಹೊರಬಂದವು. ನನ್ನ ಸೀರೆಯ ನೆರಿಗೆಯ ಮೇಲೆ ಕಣ ಹರಡಿತು. ಹಿರಿಯೂರಿನ ಹುಡುಗಿ ಇಟ್ಟ ಕಾರ್ಡಿನ ಜಾಗಕ್ಕೆ ಬಸ್ ಟಿಕೆಟ್ಟು ಬಂತು. ಹಳ್ಳ ಬಂದಾಗಲೆಲ್ಲ ಯೋಧ ಜಾರಿ ಕೆಳಗೆ ಬೀಳುತ್ತಿದ್ದ. ಅವಳು ಬಗ್ಗಿ ಎತ್ತಿಕೊಂಡು, ಬೈಗುಳದ ಎಳೆ ಕಡಿಯದಂತೆ ಮುಂದುವರಿಸುತ್ತಿದ್ದಳು.

ಹೊಳಲ್ಕೆರೆ ಬಂದಿತ್ತು. ಬಸ್ಸು ನಿಂತು, ಇಳಿಯುವವರೆಲ್ಲ ಇಳಿದರು.

"ಏನ್ರೀ ಅಮ್ಮಾರೆ, ಶಿವಮೊಗ್ಗಕ್ಕೆ ಟಿಕೆಟ್ ತಗಂಡೀರೇನು? ಇಳೀರಿ, ಇಳೀರಿ," ಕಂಡಕ್ಟರ್ ಕೂಗಿದ.

ಸೆರಗಿನಲ್ಲಿ ಕಾರ್ಡು ತುಂಬಿಕೊಂಡು ಇಳಿದೆವು. ಆಟೋದವರು ಕರೆದರು, ಬೇಡವೆಂದೆ, ನಡೆದು ಹೋಗಾಣ ಎಂದೆ.

"ಈಗ ಅರ್ಥ ಆಯ್ತಾ ಎಲ್ಲಿ ತಪ್ಪಿದ್ದು ಅಂತ?" ಎಂದಳು ನಂದಿನಿ.

ಎಲ್ಲಿ ತಪ್ಪಿದ್ದೆಂದು ನನಗೆ ಆ ಮಾವ ಕೈಮುಗಿದಾಗಲೇ ಅರ್ಥವಾಗಿತ್ತು. ಮನೆ ಇನ್ನೂ ದೂರವಿತ್ತು.

"ಇಲ್ಲ ಕಣೆ," ಎಂದೆ. "ಮೊದಲಿಂದ ಹೇಳು."